ಪರೀಕ್ಷೆ ಬರೀರಿ ಅಂತಾರೆ, ಓದೋಕೆ ರಜೆ ಕೊಡೋರು ಯಾರು?

ನಂಜನಗೂಡು, ತಿ. ನರಸೀಪುರ ತಾಲ್ಲೂಕುಗಳ ಸರಕಾರಿ ಪ್ರಾಥಮಿಕ ಶಾಲೆಗಳಲ್ಲಿ ಇಷ್ಟು ವರ್ಷ ಮಕ್ಕಳಿಗೆ ಪರೀಕ್ಷೆ ಮಾಡಿದ ಮೇಷ್ಟ್ರುಗಳಿಗೇ ಪರೀಕ್ಷೆ ಬಂದು ಕೂತಿದೆ. ಅದರ ಹೆಸರು ಟಿಇಟಿ, ಅಂದರೆ ಶಿಕ್ಷಕರ ಅರ್ಹತಾ ಪರೀಕ್ಷೆ. 1ರಿಂದ 8ನೇ ತರಗತಿವರೆಗೆ ಪಾಠ ಹೇಳುವವರಲ್ಲಿ ನಿವೃತ್ತಿಗೆ 5 ವರ್ಷಕ್ಕಿಂತ ಹೆಚ್ಚು ಉಳಿದವರು 2 ವರ್ಷದೊಳಗೆ ಇದನ್ನು ಪಾಸು ಮಾಡಬೇಕು, ಇಲ್ಲವಾದರೆ ಕೆಲಸ ಬಿಡಬೇಕು ಅಥವಾ ಕಡ್ಡಾಯ ನಿವೃತ್ತಿ ಅಂತ ಸುಪ್ರೀಂ ಕೋರ್ಟು 2025ರ ಸೆಪ್ಟೆಂಬರ್ 1ರಂದು ತೀರ್ಪು ಕೊಟ್ಟಿತು. 5 ವರ್ಷಕ್ಕಿಂತ ಕಡಿಮೆ ಇರುವವರು ಟಿಇಟಿ ಇಲ್ಲದೆ ಮುಂದುವರಿಯಬಹುದು, ಬಡ್ತಿ ಮಾತ್ರ ಕೇಳುವಂತಿಲ್ಲ.

ಯಾರಪ್ಪಾ ಇವರು? ಹೆಚ್ಚಿನವರು ಟಿಸಿಎಚ್ ಓದಿ ಬಂದವರು. ಎಚ್.ಜಿ. ಗೋವಿಂದೇಗೌಡರು 1994ರಿಂದ 1999ರವರೆಗೆ ಶಿಕ್ಷಣ ಸಚಿವರಾಗಿದ್ದಾಗ ಲಂಚ, ಶಿಫಾರಸು ಎರಡನ್ನೂ ಬಾಗಿಲಾಚೆ ನಿಲ್ಲಿಸಿ ಅಂಕದ ಮೇಲೆ ಸಾವಿರಾರು ಬಡವರ ಮಕ್ಕಳನ್ನು ಮೇಷ್ಟ್ರು ಮಾಡಿದರು. ಆಗ 24–25ರಲ್ಲಿ ಸೇರಿದವರಿಗೆ ಈಗ 50 ದಾಟಿದೆ. ನಿವೃತ್ತಿ 60ಕ್ಕೆ. ಅಂದರೆ ತೀರ್ಪಿನ ಬಲೆಗೆ ನೇರವಾಗಿ ಬಿದ್ದವರೇ ಅವರು. ಸೇರುವಾಗ ಸರಕಾರ ಕೇಳಿದ ಅರ್ಹತೆ ಅವರಲ್ಲಿತ್ತು. ಟಿಇಟಿ ಎಂಬುದು ಹುಟ್ಟಿದ್ದೇ 2010ರ ನಂತರ!

ಪರೀಕ್ಷೆಯೇ ಬೇಡ ಅಂತ ಈ ಅಂಕಣ ವಾದಿಸುವುದಿಲ್ಲ. ಮಕ್ಕಳ ಮುಂದೆ ನಿಲ್ಲುವವನಿಗೆ ವಿಷಯ ಗೊತ್ತಿರಬೇಕು, ಇದರಲ್ಲಿ ಎರಡು ಮಾತಿಲ್ಲ. 150 ನಿಮಿಷದಲ್ಲಿ 150 ಪ್ರಶ್ನೆ, ಪಾಸಾಗಲು ನೂರಕ್ಕೆ 60, ಪರಿಶಿಷ್ಟರಿಗೆ 55. ಓದಿದರೆ ಬರುವಂಥದ್ದೇ. ಆದರೆ ಓದೋಕೆ ಪುರುಸೊತ್ತು ಬೇಕಲ್ಲ ಸ್ವಾಮಿ! ಪಿಯುಸಿ ಅರ್ಧಕ್ಕೆ ಬಿಟ್ಟ ನನ್ನಂಥವನಿಗೆ ಆ ಪುರುಸೊತ್ತಿನ ಬೆಲೆ ಚೆನ್ನಾಗಿ ಗೊತ್ತು.

ಈ ಪರೀಕ್ಷೆಗೆ ಮೂಲ 2009ರ ಶಿಕ್ಷಣ ಹಕ್ಕು ಕಾಯಿದೆಯ 23ನೇ ಕಲಂ. ಅದೇ ಕಾಯಿದೆಯ ನಾಲ್ಕು ಕಲಂ ಕೆಳಗೆ, 27ರಲ್ಲಿ, ಇನ್ನೊಂದು ಮಾತಿದೆ: ಹತ್ತು ವರ್ಷಕ್ಕೊಮ್ಮೆ ಬರುವ ಜನಗಣತಿ, ವಿಪತ್ತು ಪರಿಹಾರ, ಚುನಾವಣೆ, ಇವಿಷ್ಟು ಬಿಟ್ಟು ಶಿಕ್ಷಕರನ್ನು ಬೇರೆ ಕೆಲಸಕ್ಕೆ ಹಚ್ಚಬಾರದು. ತೀರ್ಪು ಬಂದು ಮೂರೇ ವಾರಕ್ಕೆ, 2025ರ ಸೆಪ್ಟೆಂಬರ್ 22ರಿಂದ, ಹಿಂದುಳಿದ ವರ್ಗಗಳ ಆಯೋಗದ ಸಮೀಕ್ಷೆಗೆ ಮೇಷ್ಟ್ರುಗಳನ್ನು ಮನೆಮನೆಗೆ ಅಟ್ಟಿದರು. ದಸರಾ ರಜೆ ಹೋಯಿತು. ಸಾಲದು ಅಂತ ಶಾಲೆಗಳಿಗೆ ಅಕ್ಟೋಬರ್ 18ರವರೆಗೆ ರಜೆ ಮುಂದುವರಿಸಿದರು. ರಜೆ ಮಕ್ಕಳಿಗೆ ಮಾತ್ರ. ಮೇಷ್ಟ್ರು ಮೊಬೈಲ್ ಹಿಡಿದುಕೊಂಡು ಕರೆಂಟ್ ಮೀಟರಿನ ನಂಬರು, ಸಿಗ್ನಲ್ಲು ಹುಡುಕುತ್ತಿದ್ದರು. ಸಮೀಕ್ಷೆ ಬೇಕೋ ಬೇಡವೋ ಅದು ಬೇರೆ ಚರ್ಚೆ. 27ನೇ ಕಲಮಿನ ಪಟ್ಟಿಯಲ್ಲಂತೂ ಅದು ಇರಲಿಲ್ಲ. ಈಗ 2027ರ ಜನಗಣತಿ. ತಲೆ ಎಣಿಕೆಗೆ ಗೊತ್ತುಮಾಡಿದ ತಿಂಗಳು ಫೆಬ್ರವರಿ. ಟಿಇಟಿ ಗಡುವು ಅದೇ ವರ್ಷದ ಆಗಸ್ಟ್ ಕೊನೆ. ಒಂದು ಕಲಮನ್ನು ಕುತ್ತಿಗೆಗೆ ಬಿಗಿದು ಇನ್ನೊಂದನ್ನು ಸಡಿಲ ಬಿಡುವುದು ಯಾವ ಊರಿನ ನ್ಯಾಯ?

'ಬೇಸಿಗೆ ರಜೆ ಸಿಗುತ್ತಲ್ಲ' ಎಂದು ಟೀ ಅಂಗಡಿಯಲ್ಲಿ ಮೂಗು ಮುರಿಯುವವರಿದ್ದಾರೆ. ಆ ಒಂದು ನೆಪದ ಮೇಲೆಯೇ ಬೇರೆ ನೌಕರರಿಗೆ ಸಿಗುವಷ್ಟು ಗಳಿಕೆ ರಜೆ ಮೇಷ್ಟ್ರಿಗೆ ಸಿಗುವುದಿಲ್ಲ ಎಂಬುದು ಅವರಿಗೆ ಗೊತ್ತಿಲ್ಲ. ಇನ್ನು ಅಧ್ಯಯನ ರಜೆ. ಕೇಂದ್ರ ನೌಕರರಿಗೆ 1972ರ ರಜೆ ನಿಯಮದಲ್ಲಿ ಒಟ್ಟು 24 ತಿಂಗಳವರೆಗೆ ಅವಕಾಶ ಉಂಟು. ಆದರೆ ಇಂಥ ರಜೆಗಳನ್ನು ಮಾಡಿರುವುದು ವರ್ಷಗಟ್ಟಲೆ ಕಾಲೇಜಿನಲ್ಲಿ ಕೂತು ಓದುವವರಿಗೆ. ಬೆಳಿಗ್ಗೆ ಶಾಲೆ, ಮಧ್ಯಾಹ್ನ ಬಿಸಿಯೂಟದ ಲೆಕ್ಕ, ಸಂಜೆ ಆನ್‌ಲೈನ್ ಮಾಹಿತಿ ತುಂಬಿ, ರಾತ್ರಿ ಪುಸ್ತಕ ಹಿಡಿಯುವ ಮೇಷ್ಟ್ರಿಗೆ ಅದರಿಂದ ಏನು ಸಿಕ್ಕೀತು?

ಸ್ವಂತ ದುಡ್ಡಿನಲ್ಲಿ ಓದಿದವರ ಪಾಡು ಇನ್ನೂ ಸೊಗಸು. ಕೆಲಸ ಮಾಡುತ್ತಲೇ ಬಿಎ, ಬಿಎಡ್ ಮುಗಿಸಿದವರನ್ನು 2017ರ ವೃಂದ ಮತ್ತು ನೇಮಕಾತಿ ನಿಯಮ 1ರಿಂದ 5ಕ್ಕೆ ಇಳಿಸಿತು. 7ನೇ ತರಗತಿವರೆಗೆ ಪಾಠ ಹೇಳಲು ನೇಮಕವಾದವರು ಅವರು! ಮುಕ್ತ ವಿಶ್ವವಿದ್ಯಾನಿಲಯಕ್ಕೆ ಫೀಸು ಕಟ್ಟಿದವರಿಗೆ 2015ರಲ್ಲಿ ಯುಜಿಸಿ ಕೊಟ್ಟ ಪೆಟ್ಟು ಮೈಸೂರು ಜಿಲ್ಲೆಗೆ ಹೊಸದಾಗಿ ಹೇಳಬೇಕಿಲ್ಲ. 2012–13ರ ನಂತರದ ಕೋರ್ಸುಗಳಿಗೆ ಮಾನ್ಯತೆಯೇ ಇಲ್ಲ ಅಂದುಬಿಟ್ಟರು. ಮತ್ತೆ ಮಾನ್ಯತೆ ಬಂದದ್ದು 2018ರಲ್ಲಿ. ಓದು ಅನ್ನೋ ಮಾತಿಗೆ ಮೇಷ್ಟ್ರು ಬೆಚ್ಚಿಬಿದ್ದರೆ ಆಶ್ಚರ್ಯವೇನು?

ಆಗಬೇಕಾದ್ದು ದೊಡ್ಡ ಕೆಲಸವೇನಲ್ಲ. ಪರೀಕ್ಷೆಗೆ ಅರ್ಜಿ ಹಾಕಿದವರಿಗೆ ಒಂದು ತಿಂಗಳ ವಿಶೇಷ ರಜೆ ಕೊಡಿ, ಸಂಬಳ ಹಿಡಿಯಬೇಡಿ. ಒಬ್ಬರೇ ಮೇಷ್ಟ್ರಿರುವ ಕಡೆ ಅವರು ರಜೆ ಹಾಕಿದರೆ ಶಾಲೆಗೇ ಬೀಗ, ಅಲ್ಲಿಗೆ ಆ ತಿಂಗಳಿಗೆ ಅತಿಥಿ ಶಿಕ್ಷಕರನ್ನು ಕಳಿಸಿ. ಕಾಡಂಚಿನ ಹೆಡಿಯಾಲದಿಂದಲೋ ತಲಕಾಡಿನಿಂದಲೋ ತರಬೇತಿಗೆ ಅಂತ ಮೈಸೂರಿನ ಬಸ್ಸು ಹತ್ತಿಸಬೇಡಿ. ವಸಂತ ಮಹಲಿನ ಡಯಟ್‌ನವರೇ ಶನಿವಾರ ಮಧ್ಯಾಹ್ನ ಹುಲ್ಲಹಳ್ಳಿಗೆ, ಬನ್ನೂರಿಗೆ ಬಂದು ಪಾಠ ಮಾಡಲಿ. ಜನಗಣತಿ ಪಟ್ಟಿ ಬರೆಯುವಾಗ ಈ ಹೆಸರುಗಳನ್ನು ಬಿಟ್ಟು ಬೇರೆ ಇಲಾಖೆಯವರನ್ನೂ ಸ್ವಲ್ಪ ಬಿಸಿಲಿಗೆ ಇಳಿಸಲಿ.

ಸಮೀಕ್ಷೆಗೆ ರಜೆ ವಿಸ್ತರಿಸುವ ಮಾತನ್ನು 2025ರಲ್ಲಿ ಪ್ರಕಟಿಸಿದವರು ಆಗ ಮುಖ್ಯಮಂತ್ರಿಯಾಗಿದ್ದ ಸಿದ್ದರಾಮಯ್ಯನವರು. ಅವರನ್ನು ಗೆಲ್ಲಿಸಿದ ವರುಣಾ ಕ್ಷೇತ್ರದಲ್ಲಿ ಈ ಎರಡೂ ತಾಲ್ಲೂಕುಗಳ ಹಳ್ಳಿಗಳಿವೆ. ಎಣಿಕೆಗೆ ಅಂತ ಶಾಲೆಗಳಿಗೆ ಹತ್ತು ದಿನ ರಜೆ ಬರೆಯಲು ಒಂದೇ ದಿನ ಸಾಕಾಯಿತು. ಮೇಷ್ಟ್ರ ಓದಿಗೆ ಅಂಥದ್ದೇ ಒಂದು ಆದೇಶ ಬರೆಯಲು ವಿಧಾನಸೌಧಕ್ಕೆ ಎಷ್ಟು ದಿನ ಬೇಕು?