ಯೋಗ್ಯತೆಯ ಕೂಗೂ ಖಾಲಿ ಕುರ್ಚಿಯೂ

ರಾಮಗಿರಿಯ ಚಹದಂಗಡಿಯಿಂದ ಹಿಡಿದು ಚಳ್ಳಕೆರೆಯ ಎಣ್ಣೆ ಗಿರಣಿಯ ಬಾಗಿಲವರೆಗೆ ಒಂದು ಮಾತು ಓಡಾಡುತ್ತಿದೆ: “ಮೀಸಲಾತಿ ಇರುವ ತನಕ ನಮ್ಮ ಹುಡುಗರಿಗೆ ಸರ್ಕಾರಿ ನೌಕರಿ ಕನಸೇ ಸರಿ.” ಇದನ್ನು ಆಡುವವರು ಸಾಹುಕಾರರಲ್ಲ. ಸಾಲಕ್ಕೆ ಸರಕು ತಂದು ಸಂತೆಯಲ್ಲಿ ಕೂರುವ ಸಣ್ಣ ವ್ಯಾಪಾರಿ, ರಾತ್ರಿ ಪಾಳಿಯಲ್ಲಿ ದುಡಿಯುವ ಗಿರಣಿ ಕೆಲಸಗಾರ. ಮಗ ಪದವಿ ಮುಗಿಸಿ ಮನೆಯಲ್ಲಿ ಕೂತಿರುವುದು ನಿಜ, ಅವರ ಸಂಕಟವೂ ನಿಜ. ಆದರೆ ಸಂಕಟಕ್ಕೆ ಇಂಥವನೇ ಕಾರಣನೆಂದು ಪಕ್ಕದ ಕೇರಿಯ ಬಡವನತ್ತ ಚಾಚಿರುವ ಬೆರಳು ಸುಳ್ಳು. ಆ ಬೆರಳು ಯಾರದು ಎಂಬುದನ್ನು ದುಡಿಯುವ ಜನ ವಿಚಾರಿಸಬೇಕು.

ಯೋಗ್ಯತೆಯ ಕೂಗು ಇಂದು ನಿನ್ನೆಯದಲ್ಲ. ನೂರು ವರ್ಷಕ್ಕೂ ಹಿಂದೆ ಮೈಸೂರು ಸಂಸ್ಥಾನದ ಕಛೇರಿಗಳಲ್ಲಿ ಮೇಲಿನ ಕುರ್ಚಿಗಳೆಲ್ಲ ಬಹುಮಟ್ಟಿಗೆ ಒಂದೇ ಜಾತಿಯವರ ಕೈಯಲ್ಲಿದ್ದವು. ಒಕ್ಕಲಿಗ, ಲಿಂಗಾಯತ, ಮುಸಲ್ಮಾನ ಮುಖಂಡರು ಒಟ್ಟುಗೂಡಿ ಮಹಾರಾಜರಲ್ಲಿ ಮೊರೆಯಿಟ್ಟರು. ನಾಲ್ವಡಿ ಕೃಷ್ಣರಾಜ ಒಡೆಯರು 1918ರಲ್ಲಿ ಮುಖ್ಯ ನ್ಯಾಯಾಧೀಶ ಸರ್ ಲೆಸ್ಲಿ ಮಿಲ್ಲರ್ ಅವರ ಅಧ್ಯಕ್ಷತೆಯಲ್ಲಿ ಸಮಿತಿ ನೇಮಿಸಿದರು. ಆಡಳಿತದ ದಕ್ಷತೆ ಕೆಡುತ್ತದೆಂದು ಆಗಲೂ ಗದ್ದಲವೆದ್ದಿತು. ದಿವಾನ್ ವಿಶ್ವೇಶ್ವರಯ್ಯನವರಿಗೂ ಈ ನೀತಿ ಒಪ್ಪಿಗೆಯಾಗಲಿಲ್ಲ. ಆ ವರ್ಷದ ಕೊನೆಗೆ ಅವರು ಅಧಿಕಾರ ಬಿಟ್ಟರು. 7 ವರ್ಷಗಳೊಳಗೆ ಮೇಲಿನ ಹುದ್ದೆಗಳಲ್ಲಿ ಅರ್ಧ, ಕೆಳಗಿನ ಹುದ್ದೆಗಳಲ್ಲಿ ಮೂರರಲ್ಲಿ ಎರಡು ಪಾಲು ಹಿಂದುಳಿದ ಕೋಮುಗಳಿಗೆ ಸಲ್ಲಬೇಕೆಂದು 1919ರಲ್ಲಿ ಸಮಿತಿ ವರದಿ ಕೊಟ್ಟಿತು. 1921ರಲ್ಲಿ ಆಜ್ಞೆಯೂ ಹೊರಟಿತು. ಆಕಾಶ ಕಳಚಿ ಬಿತ್ತೇ? ಸಂಸ್ಥಾನ ಮುಳುಗಿತೇ?

ಅಂದು ಆ ಬಾಗಿಲಿನಿಂದ ಒಳಗೆ ಹೋದವರ ಮೊಮ್ಮಕ್ಕಳಲ್ಲಿ ಕೆಲವರೇ ಇಂದು ಒಳಗಿನಿಂದ ಅಗುಳಿ ಹಾಕಿಕೊಂಡು ಯೋಗ್ಯತೆಯ ಪಾಠ ಹೇಳುತ್ತಿದ್ದಾರೆ. ತಮ್ಮ ಜಾತಿಗೂ ಪಟ್ಟಿಯಲ್ಲಿ ಪಾಲಿದೆಯೆಂಬುದನ್ನು ಮಾತ್ರ ಬಾಯಿ ಬಿಡುವುದಿಲ್ಲ. ನಮ್ಮ ರಾಜ್ಯದ ಪಟ್ಟಿಯಲ್ಲಿ ಒಕ್ಕಲಿಗರು 3ಎ, ಶೇ. 4, ಲಿಂಗಾಯತರು 3ಬಿ, ಶೇ. 5. ತನಗೆ ಸಿಕ್ಕರೆ ಹಕ್ಕು, ಮಾದಿಗರ ಹುಡುಗನಿಗೆ ಸಿಕ್ಕರೆ ಭಿಕ್ಷೆ! ಇದಾವ ನ್ಯಾಯ?

ಇನ್ನು “ಅರ್ಧ ದಾಟಬಾರದು” ಎಂಬ ನಿಯಮದ ಮಾತು. ಅದು ಹುಟ್ಟಿದ್ದೂ ನಮ್ಮ ರಾಜ್ಯದ ಮೊಕದ್ದಮೆಯಲ್ಲೇ. 1962ರಲ್ಲಿ, ಚಿತ್ರದುರ್ಗದವರೇ ಆಗಿದ್ದ ನಿಜಲಿಂಗಪ್ಪನವರು ಮುಖ್ಯಮಂತ್ರಿಯಾಗಿದ್ದಾಗ, ಸರ್ಕಾರ ವೈದ್ಯಕೀಯ ಮತ್ತು ಇಂಜಿನಿಯರಿಂಗ್ ಕಾಲೇಜುಗಳ ಶೇ. 68 ಸ್ಥಾನಗಳನ್ನು ಮೀಸಲಿಟ್ಟಿತು. ಬಾಲಾಜಿ ಮೊಕದ್ದಮೆಯಲ್ಲಿ ಸುಪ್ರೀಂ ಕೋರ್ಟು ಆ ಆಜ್ಞೆಯನ್ನು ರದ್ದುಮಾಡಿ, ಮೀಸಲಾತಿ ಸಾಮಾನ್ಯವಾಗಿ ಶೇ. 50ಕ್ಕಿಂತ ಕಡಿಮೆಯಿರಬೇಕೆಂದಿತು. 1992ರ ಮಂಡಲ್ ತೀರ್ಪು ನೌಕರಿಗಳಿಗೂ ಅದೇ ಗೆರೆ ಎಳೆಯಿತು. ಆ ಗೆರೆಯನ್ನು ಲಕ್ಷ್ಮಣರೇಖೆಯೆಂದು ಪೂಜಿಸಿದವರು 2019ರಲ್ಲಿ ಏನು ಮಾಡಿದರು? ಈಗಾಗಲೇ ಮೀಸಲಾತಿಯಿರುವ ಜಾತಿಗಳ ಬಡವರನ್ನೆಲ್ಲ ಹೊರಗಿಟ್ಟು, ಉಳಿದ ಜಾತಿಗಳ ಬಡವರಿಗೆಂದು ಕೇಂದ್ರದ ನೌಕರಿಗಳಲ್ಲಿ ಶೇ. 10 ಕೊಟ್ಟಾಗ ಚಪ್ಪಾಳೆ ತಟ್ಟಿದರು. 2022ರಲ್ಲಿ ನ್ಯಾಯಪೀಠವೂ 3-2ರ ಬಹುಮತದಿಂದ ಅದನ್ನು ಎತ್ತಿಹಿಡಿಯಿತು. ಆಗ ದಕ್ಷತೆ ಎಲ್ಲಿ ಅಡಗಿತ್ತು? ಬಡವನಿಗೆ ಅನ್ನ ಬೇಡವೆಂದು ನಾವು ಹೇಳುವವರಲ್ಲ, ಪಂಕ್ತಿಭೇದ ಬೇಡವೆನ್ನುತ್ತೇವೆ.

ಇನ್ನೊಂದು ಮೀಸಲಾತಿಯೂ ಈ ನಾಡಿನಲ್ಲಿತ್ತು, ಇಂದಿಗೂ ಇದೆ. ಅದಕ್ಕೆ ಆಜ್ಞೆ ಬೇಕಾಗಲಿಲ್ಲ, ಆಯೋಗ ಬೇಕಾಗಲಿಲ್ಲ. 1970ರ ದಶಕದಲ್ಲಿ ಸಚಿವ ಬಿ. ಬಸವಲಿಂಗಪ್ಪನವರು ನಿಷೇಧಿಸುವವರೆಗೆ ನಮ್ಮ ಪಟ್ಟಣಗಳಲ್ಲಿ ಮಲವನ್ನು ತಲೆಯ ಮೇಲೆ ಹೊರುತ್ತಿದ್ದವರು ಯಾವ ಜಾತಿಯವರು? ಇಂದು ಬೆಳಗಾಗುವ ಮೊದಲೇ ಬೀದಿ ಗುಡಿಸುವವರು ಬಹುಪಾಲು ಯಾರು? ಆ ಪೊರಕೆಗಾಗಿ ಯಾರೂ ಯೋಗ್ಯತೆಯ ಹೆಸರಿನಲ್ಲಿ ರಿಟ್ ಹಾಕಲಿಲ್ಲ. ಪೊರಕೆ ಹಿಡಿದವರ ಮಗಳು ತಾಲ್ಲೂಕು ಕಛೇರಿಯ ಮೇಜಿಗೆ ಬಂದಾಗ ಮಾತ್ರ ಯೋಗ್ಯತೆ ಎಚ್ಚರಗೊಳ್ಳುತ್ತದೆ!

ಹಾಗಾದರೆ ನೌಕರಿ ಹೋದದ್ದೆಲ್ಲಿ? ಗಿರಣಿ ಕೆಲಸಗಾರನಿಗೆ ಇದು ಗೊತ್ತಿರಬೇಕು. ದಾವಣಗೆರೆಯ ಹತ್ತಿ ಗಿರಣಿಗಳಿಗೆ ನಮ್ಮ ಸುತ್ತಿನ ಹಳ್ಳಿಗಳಿಂದ ಜನ ಹೋಗಿ ದುಡಿದರು. ಅಲ್ಲಿ ಯಾವ ಮೀಸಲಾತಿಯೂ ಇರಲಿಲ್ಲ. ಗಿರಣಿಗಳು ಒಂದರ ಹಿಂದೊಂದು ಬಾಗಿಲು ಮುಚ್ಚಿದವು. ಮುಚ್ಚಿದ್ದು ಯಾವ ಪಟ್ಟಿ? ಯಾವ ರೋಸ್ಟರ್?

ಸರ್ಕಾರದಲ್ಲೂ ಅದೇ ಕಥೆ. 2025ರ ಸರ್ಕಾರಿ ಲೆಕ್ಕದಂತೆಯೇ ರಾಜ್ಯದಲ್ಲಿ 2.5 ಲಕ್ಷಕ್ಕೂ ಹೆಚ್ಚು ಮಂಜೂರಾದ ಹುದ್ದೆಗಳು ಖಾಲಿ. ಜವಾನ, ಚಾಲಕ, ಡೇಟಾ ಎಂಟ್ರಿಯವನು, ಆಸ್ಪತ್ರೆಯ ಆಯಾ ಎಲ್ಲರೂ ಹೊರಗುತ್ತಿಗೆ. ಗುತ್ತಿಗೆದಾರ ಕೊಟ್ಟಷ್ಟೇ ಸಂಬಳ, ಬೇಡವೆಂದರೆ ನಾಳೆ ಮನೆಗೆ. ಒಳಮೀಸಲಾತಿಯ ಕಥೆಯನ್ನೂ ನೋಡಿ. ಪರಿಶಿಷ್ಟರೊಳಗೆ ತಮಗೆ ನ್ಯಾಯವಾದ ಪಾಲು ಬೇಕೆಂದು ಮಾದಿಗರು ಕೇಳಿದ್ದು ತಪ್ಪಲ್ಲ. ಸದಾಶಿವ ಆಯೋಗದ ವರದಿ 2012ರಲ್ಲೇ ಬಂತು. ಅದರ ಮೇಲೆ ವರ್ಷಗಟ್ಟಲೆ ಕೂತವರು 2024ರ ಅಕ್ಟೋಬರಿನಲ್ಲಿ, ಒಳಮೀಸಲಾತಿ ತೀರ್ಮಾನವಾಗುವವರೆಗೆ ಹೊಸ ನೇಮಕಾತಿಯೇ ಇಲ್ಲವೆಂದರು. ಪಾಲಿನ ತೀರ್ಮಾನ 2025ರ ಆಗಸ್ಟ್‌ಗೆ ಹೋಯಿತು. ವಿಳಂಬ ಮಾಡಿದವರು ಆಳುವವರು. ಬೈಗುಳ ತಿಂದವರು ಮಾದಿಗರು. ಪರೀಕ್ಷೆಗೆ ಕಾದು ವಯಸ್ಸು ಮೀರಿದವರು ಎಲ್ಲ ಜಾತಿಯ ಬಡವರ ಮಕ್ಕಳು.

ಮಡಕೆಯಲ್ಲಿ ಅನ್ನವೇ ಇಲ್ಲದಂತೆ ಮಾಡಿ, ಎಲೆ ಹಾಸಿ ಕೂತವರ ನಡುವೆ ಜಗಳ ಹಚ್ಚುವುದು ಆಳುವವರ ಹಳೆಯ ವಿದ್ಯೆ. ನೂರಕ್ಕೆ 60 ಸ್ಥಾನ ಹಿಂದುಳಿದವರಿಗೆ ಎಂದು ಲೋಹಿಯಾ ಘೋಷಿಸಿದಾಗ ಅದರಲ್ಲಿ ಶೂದ್ರರು, ದಲಿತರು, ಆದಿವಾಸಿಗಳ ಜೊತೆಗೆ ಎಲ್ಲ ಜಾತಿಯ ಹೆಂಗಸರನ್ನೂ ಸೇರಿಸಿದ್ದರು. ತುಳಿಯಲ್ಪಟ್ಟವರೆಲ್ಲ ಒಂದಾಗಬೇಕೆಂಬುದೇ ಅದರ ತಿರುಳು.

ಆದ್ದರಿಂದ ನಮ್ಮ ಬೇಡಿಕೆ ಸ್ಪಷ್ಟ. ಖಾಲಿ ಹುದ್ದೆಗಳನ್ನು ಕಾಲಮಿತಿಯೊಳಗೆ ತುಂಬಲಿ. ಸರ್ಕಾರದ ಕಾಯಂ ಕೆಲಸಕ್ಕೆ ಗುತ್ತಿಗೆದಾರ ಬೇಡ. ಅವನಿರುವಷ್ಟು ದಿನ ಅಲ್ಲಿಯೂ ಮೀಸಲಾತಿ ಕಡ್ಡಾಯವಾಗಿ ನಡೆಯಲಿ. ಪ್ರತಿ ಇಲಾಖೆ ತನ್ನ ರೋಸ್ಟರನ್ನು ಕಛೇರಿಯ ಗೋಡೆಗೆ ಹಚ್ಚಿ, ಯಾವ ಹುದ್ದೆ ಯಾರಿಗೆ, ಎಷ್ಟು ವರ್ಷದಿಂದ ಖಾಲಿ ಎಂದು ಜನಕ್ಕೆ ತೋರಿಸಲಿ.

ಹೊಳಲ್ಕೆರೆಯ ಅಂಗಡಿಕಾರರೇ, ಚಳ್ಳಕೆರೆಯ ಗಿರಣಿ ಬಂಧುಗಳೇ, ಮುಂದಿನ ಸಲ ನಿಮ್ಮ ಶಾಸಕರು ಊರಿಗೆ ಬಂದಾಗ ಜಾತಿಯ ಲೆಕ್ಕ ಕೇಳಬೇಡಿ. ಖಾಲಿ ಕುರ್ಚಿಗಳ ಲೆಕ್ಕ ಕೇಳಿ. ಪಕ್ಕದ ಕೇರಿಯವನನ್ನೂ ಜೊತೆಗೆ ಕರೆದುಕೊಂಡು ಹೋಗಿ ಕೇಳಿ.