ಮನೆಗಳನ್ನು ಒಡೆದದ್ದು ಸಿದ್ಧಾಂತವೇ?

ಕೊರಿಯಾದ ಬೇರ್ಪಟ್ಟ ಕುಟುಂಬಗಳ ಪ್ರಸ್ತಾಪ ಬಂದಾಗಲೆಲ್ಲ ‘ಸಿದ್ಧಾಂತ ಒಡೆದ ಮನೆಗಳು’ ಎಂದು ನಿಟ್ಟುಸಿರು ಬಿಡುವುದು ರೂಢಿ. ಈ ಮಾತನ್ನು ನಾವು ಒಪ್ಪುವುದಿಲ್ಲ. ಅಣ್ಣ ಕಮ್ಯುನಿಸ್ಟ್, ತಮ್ಮ ಕಡುವಿರೋಧಿ ಎಂಬಂತಹ ಮನೆಗಳು ಅಲ್ಲಿ ಇದ್ದವು, ನಿಜ. ಆದರೆ ಒಂದೇ ಸೂರಿನಡಿ ಕಾದಾಡಿದವರು ಎಂದಾದರೊಂದು ದಿನ ರಾಜಿಯಾಗಬಲ್ಲರು. ಆ ಅವಕಾಶವನ್ನೇ ಕಿತ್ತುಕೊಂಡದ್ದು ಪ್ರಭುತ್ವ.

1945ರ ಆಗಸ್ಟ್‌ನಲ್ಲಿ ಅಮೆರಿಕದ ಇಬ್ಬರು ಸೇನಾಧಿಕಾರಿಗಳು ಭೂಪಟವೊಂದನ್ನು ಮುಂದಿಟ್ಟುಕೊಂಡು 38ನೆಯ ಅಕ್ಷಾಂಶವನ್ನು ಗಡಿಯೆಂದು ಸೂಚಿಸಿದರು. ಸೋವಿಯತ್ ಒಕ್ಕೂಟ ಒಪ್ಪಿತು. ಕೊರಿಯನ್ನರನ್ನು ಯಾರೂ ಕೇಳಲಿಲ್ಲ. 1950ರಲ್ಲಿ ಯುದ್ಧಕ್ಕೆ ಬೆದರಿ ಮನೆ ತೊರೆದವರಲ್ಲಿ ಅನೇಕರಿಗೆ 1953ರ ಕದನವಿರಾಮದ ಬಳಿಕ ಹಿಂದಿರುಗುವ ದಾರಿಯೇ ಮುಚ್ಚಿತು. ಅವರು ಪ್ರಾಣ ಉಳಿಸಿಕೊಳ್ಳಲು ಓಡಿದ್ದರೇ ಹೊರತು ಯಾವ ತತ್ತ್ವವನ್ನೂ ಅರಸಿ ಹೋಗಿರಲಿಲ್ಲ.

ಮುಂದೆ ನಡೆದದ್ದು ಇನ್ನೂ ಹೇಯ. ದಕ್ಷಿಣದಲ್ಲಿ, ಬಂಧುವೊಬ್ಬ ಉತ್ತರಕ್ಕೆ ಹೋದನೆಂದರೆ ಉಳಿದವರಿಗೆ ಸರ್ಕಾರಿ ನೌಕರಿ ದುರ್ಲಭ, ಪೊಲೀಸರ ಕಣ್ಗಾವಲು ಖಚಿತ. ‘ಯೊನ್‌ಜ್ವಾಜೆ’ ಎಂಬ ಈ ಪದ್ಧತಿಯ ನೆರಳಿನಲ್ಲೇ ಕಾದಂಬರಿಕಾರ ಯಿ ಮುನ್-ಯೊಲ್ ಬೆಳೆದರು; ಅವರ ತಂದೆ ಉತ್ತರಕ್ಕೆ ಹೋಗಿದ್ದರು. ಉತ್ತರದಲ್ಲಿ ‘ಸೊಂಗ್‌ಬುನ್’ ಎಂಬ ವರ್ಗೀಕರಣ: ದಕ್ಷಿಣದಲ್ಲಿ ಬಂಧುಗಳಿದ್ದವರು ಶಂಕಿತರು. ಬೇರೆಲ್ಲದರಲ್ಲಿ ಹಗೆಗಳಾದ ಈ ಎರಡು ಪ್ರಭುತ್ವಗಳು ರಕ್ತಸಂಬಂಧವನ್ನು ಅಪರಾಧವೆಂದು ಎಣಿಸುವುದರಲ್ಲಿ ಮಾತ್ರ ಒಂದಾದವು.

ಕನ್ನಡಿಗರಿಗೆ ಇದು ತೀರ ಅನ್ಯರ ಕಥೆಯಲ್ಲ. ಊರಿಗೆ ಮರಳಲು ಒಪ್ಪದ ಯುದ್ಧಕೈದಿಗಳ ಹೊಣೆ ಹೊತ್ತ ತಟಸ್ಥ ರಾಷ್ಟ್ರಗಳ ಆಯೋಗಕ್ಕೆ ಕೊಡಗಿನ ಜನರಲ್ ತಿಮ್ಮಯ್ಯ ಅಧ್ಯಕ್ಷರಾಗಿದ್ದರು. ಮುಂದಿಟ್ಟ ಎರಡೂ ಕಡೆಗಳನ್ನು ನಿರಾಕರಿಸಿದ 80ಕ್ಕೂ ಹೆಚ್ಚು ಕೈದಿಗಳು, ಬಹುಪಾಲು ಕೊರಿಯನ್ನರು, 1954ರಲ್ಲಿ ಭಾರತಕ್ಕೆ ಬಂದರು. ಮನುಷ್ಯರೆಲ್ಲ ಸಿದ್ಧಾಂತಕ್ಕೆ ತಕ್ಕಂತೆ ಎರಡಾಗಿ ಹಂಚಿಹೋದರು ಎನ್ನುವವರು ಇವರನ್ನು ಯಾವ ಸಾಲಿನಲ್ಲಿ ನಿಲ್ಲಿಸುತ್ತಾರೆ?

2000ದಿಂದ 2018ರವರೆಗೆ ಎರಡೂ ಸರ್ಕಾರಗಳು 21 ಸುತ್ತು ಭೇಟಿಗಳನ್ನು ಏರ್ಪಡಿಸಿದವು. ಕ್ಯಾಮೆರಾಗಳ ಮುಂದೆ ಮುದುಕರು ತಬ್ಬಿ ಅತ್ತರು. ಕೆಲವು ಗಂಟೆಗಳ ಒಡನಾಟ, ಮತ್ತೆ ಬಸ್ಸು. ಆಮೇಲೆ ಪತ್ರವಿಲ್ಲ, ದೂರವಾಣಿಯಿಲ್ಲ. ಇದನ್ನು ಔದಾರ್ಯವೆಂದು ಕೊಂಡಾಡುವುದನ್ನು ನಾವು ಖಂಡಿಸುತ್ತೇವೆ. ದಕ್ಷಿಣದಲ್ಲಿ ಹೆಸರು ನೋಂದಾಯಿಸಿದ್ದ 1.3 ಲಕ್ಷಕ್ಕೂ ಹೆಚ್ಚು ಮಂದಿಯಲ್ಲಿ ಬಹುಪಾಲು ಜನ ಈಗಾಗಲೇ ತೀರಿಕೊಂಡಿದ್ದಾರೆ.

ಊರು ಬಿಟ್ಟು ಬಂದ ನಮ್ಮ ಹಂಬಲವನ್ನು ಇದರೊಡನೆ ಹೋಲಿಸುವುದೂ ಸಲ್ಲದು, ನಮಗೆ ರೈಲಿದೆ. ಏಕೀಕರಣದ ಚರ್ಚೆ ಇನ್ನೂ ನೂರು ವರ್ಷ ನಡೆಯಲಿ. ತಂಗಿ ಬದುಕಿರುವಳೇ ಎಂದು ತೊಂಬತ್ತರ ಅಣ್ಣನೊಬ್ಬ ಕಾಗದ ಬರೆದು ಕೇಳುವುದಕ್ಕೆ ಆ ಚರ್ಚೆ ಮುಗಿಯಬೇಕಾಗಿಲ್ಲ.