ಇಟ್ಟಂಗಿಯ ಅಂಗಡಿಗೂ ಒಂದು ಅಂಕಿ

ಮನೆ ಕಟ್ಟಿಸಬೇಕೆಂದು ಮನಸ್ಸು ಮಾಡಿದವನು ಮೊದಲು ಹೋಗುವುದು ಗವಂಡಿಯ ಬಳಿಗೆ. ಅನಂತರ ಸಾಮಾನಿನ ಅಂಗಡಿಗೆ. ನಮ್ಮ ಅರಭಾವಿಯ ಸುತ್ತಮುತ್ತ, ಗೋಕಾಕ ಮೂಡಲಗಿಗಳ ಪೇಟೆಗಳಲ್ಲಿ, ಸಿಮೆಂಟು, ಕಬ್ಬಿಣದ ಸಳಿ, ಮೊಳೆ, ಬಣ್ಣ, ನಳದ ಸಾಮಾನು ಮಾರುವ ಅಂಗಡಿಗಳನ್ನು ಕಾಣದವರಾರು? ಇವರನ್ನು ನಾವು ಹೆಸರು ಹಿಡಿದು ಕರೆಯುತ್ತೇವೆ. ಆದರೆ ಸರಕಾರದ ಕಡತವು ಅವರನ್ನು ಗುರುತಿಸುವುದು ಒಂದು ಅಂಕಿಯಿಂದ. ಆ ಅಂಕಿಯ ವಿಷಯವಾಗಿ ವಿದ್ಯಾರ್ಥಿ ಮಿತ್ರರ ಮುಂದೆ ನಾಲ್ಕು ಮಾತು ಹೇಳುವುದು ಈ ಲೇಖನದ ಉದ್ದೇಶ.

ದೇಶದ ಎಲ್ಲ ಕಸುಬುಗಳನ್ನೂ ವಿಂಗಡಿಸುವ ಪಟ್ಟಿಯೊಂದು ಬೇಕೆಂದು ಭಾರತವು 1962ರಲ್ಲಿ ಮೊದಲ ಪ್ರಮಾಣಿತ ವರ್ಗೀಕರಣವನ್ನು ಸಿದ್ಧಪಡಿಸಿತು. ವಿಶ್ವಸಂಸ್ಥೆಯು 1948ರಲ್ಲಿಯೇ ಇಂಥ ಅಂತರರಾಷ್ಟ್ರೀಯ ಪಟ್ಟಿಗೆ ನಾಂದಿ ಹಾಡಿತ್ತು. ಮುಂದೆ ನಮ್ಮ ಪಟ್ಟಿಗೆ ರಾಷ್ಟ್ರೀಯ ಔದ್ಯೋಗಿಕ ವರ್ಗೀಕರಣವೆಂಬ ಹೆಸರು ಬಂದು, 1970, 1987, 1998, 2004, 2008ರಲ್ಲಿ ಅದು ಪರಿಷ್ಕಾರಗೊಂಡಿತು. 2008ರ ಪಟ್ಟಿಯಲ್ಲಿ 47 ಎಂದರೆ ಚಿಲ್ಲರೆ ವ್ಯಾಪಾರ. ಅದರೊಳಗೆ 4752 ಎಂದರೆ ಕಬ್ಬಿಣದ ಸಾಮಾನು, ಬಣ್ಣ, ಗಾಜುಗಳ ಅಂಗಡಿ. ಇಟ್ಟಂಗಿ, ಕಟ್ಟಿಗೆ ಮುಂತಾದ ಕಟ್ಟಡದ ಸಾಮಗ್ರಿಗಳ ಚಿಲ್ಲರೆ ಮಾರಾಟವೂ ಅಲ್ಲಿಯೇ ಸೇರಿದೆ. ಅದೇ ಸಾಮಾನನ್ನು ಬೇರೆ ಅಂಗಡಿಕಾರರಿಗೂ ಗುತ್ತಿಗೆದಾರರಿಗೂ ಸಗಟಾಗಿ ಮಾರಿದರೆ ಅಂಕಿ 4663. ಮಣ್ಣು ತುಳಿದು, ಭಟ್ಟಿಯಿಟ್ಟು ಇಟ್ಟಂಗಿ ಸುಡುವವನದು 2392. ಸಿಮೆಂಟಿನ ಬ್ಲಾಕು ಎರೆಯುವವನದು 2395. ಕಲ್ಲು ಒಡೆಯುವ, ಉಸುಕು ತೆಗೆಯುವ ಗಣಿಯದು 0810.

"ಅಂಕಿ ಯಾವುದಾದರೇನು, ವ್ಯಾಪಾರ ನಡೆದರೆ ಸಾಕು" ಎಂದು ಕೆಲವರು ಕೇಳಬಹುದು. ಆದರೆ ಒಂದು ಅಕ್ಷರದ ಬೆಲೆ ಎಷ್ಟೆಂಬುದನ್ನು ನಮ್ಮ ಭಾಗದ ಜನ ಕಣ್ಣಾರೆ ಕಂಡಿದ್ದಾರೆ. 2019ರ ಆಗಸ್ಟಿನಲ್ಲಿ ಘಟಪ್ರಭೆಯು ಉಕ್ಕಿ ಗೋಕಾಕದೊಳಗೆ ನುಗ್ಗಿದಾಗ, ಬಿದ್ದ ಮನೆಗಳನ್ನು ಎ, ಬಿ, ಸಿ ಎಂದು ವಿಂಗಡಿಸಿ ಪರಿಹಾರ ಕೊಡಲಾಯಿತು. ಪೂರ್ತಿ ನೆಲಸಮವಾದ ಮನೆಗೆ 5 ಲಕ್ಷ ರೂಪಾಯಿ. ಅಲ್ಪಸ್ವಲ್ಪ ಹಾನಿಗೆ ಅದರ ಒಂದು ಸಣ್ಣ ಪಾಲು. ಗೋಡೆಯು ಅದೇ ಗೋಡೆ. ಬರೆದ ಅಕ್ಷರವೇ ಬೇರೆಯಾದರೆ ಸಂಸಾರದ ಗತಿಯೇ ಬೇರೆ. ಕಸುಬಿನ ಅಂಕಿಯೂ ಹಾಗೆಯೇ.

ಸಣ್ಣ ಉದ್ದಿಮೆಗಳಿಗಾಗಿ 2020ರ ಜುಲೈ 1ರಿಂದ ಉದ್ಯಮ್ ನೋಂದಣಿ ಆರಂಭವಾಯಿತು. ಅದಕ್ಕೆ ಶುಲ್ಕವಿಲ್ಲ, ಆದರೆ ಕಸುಬಿನ ಅಂಕಿಯನ್ನು ತುಂಬಲೇಬೇಕು. ವ್ಯಾಪಾರಿಗಳಿಗೆ ಈ ಬಾಗಿಲು ತೆರೆದದ್ದು 2021ರ ಜುಲೈಯಲ್ಲಿ. ಅದೂ ಬ್ಯಾಂಕಿನ ಆದ್ಯತಾ ವಲಯದ ಸಾಲಕ್ಕಾಗಿ ಮಾತ್ರ. ಇಟ್ಟಂಗಿ ತಯಾರಿಸುವವನಿಗಾದರೋ 2006ರ ಕಾಯಿದೆಯ ರಕ್ಷಣೆಯೂ ಉಂಟು: ಸರಕು ಕೊಂಡವನು ಹೆಚ್ಚೆಂದರೆ 45 ದಿನಗಳಲ್ಲಿ ಹಣ ಸಲ್ಲಿಸಬೇಕು, ತಪ್ಪಿದರೆ ಬಡ್ಡಿ ತೆರಬೇಕು. ಈಗ ವಿಚಾರ ಮಾಡಿರಿ. ಸ್ವಂತ ಭಟ್ಟಿಯ ಇಟ್ಟಂಗಿಯನ್ನು ರಸ್ತೆಯ ಬದಿಯಲ್ಲಿ ಒಟ್ಟಿ ಮಾರುವ ಬಡವನನ್ನು ಜನ ಇಟ್ಟಂಗಿ ವ್ಯಾಪಾರಿಯೆಂದೇ ಕರೆಯುತ್ತಾರೆ. ಅರ್ಜಿ ತುಂಬುವವನು ಆ ಮಾತನ್ನೇ ನಂಬಿ 47ರ ಕೆಳಗೆ ಬರೆದನೆಂದರೆ, ಬಾಕಿ ವಸೂಲಿಗೆ ಇದ್ದ ಒಂದೇ ಆಸರೆಯೂ ಅವನ ಕೈತಪ್ಪಿತು! ತಾನು ತಯಾರಿಸಿದ್ದನ್ನು ತಾನೇ ಮಾರುವವನು ತಯಾರಕನೇ ಹೊರತು ವ್ಯಾಪಾರಿಯಲ್ಲವೆಂಬುದು ವರ್ಗೀಕರಣದ ನಿಯಮ. ಆದರೆ ನಿಯಮವು ಪುಸ್ತಕದಲ್ಲಿದೆ; ಪುಸ್ತಕವು ಇಂಗ್ಲಿಷಿನಲ್ಲಿದೆ.

ವರ್ಗೀಕರಣವನ್ನೇ ದೂಷಿಸುವುದು ನನ್ನ ಇಚ್ಛೆಯಲ್ಲ. ವಿಂಗಡಣೆಯಿಲ್ಲದೆ ಎಣಿಕೆಯಿಲ್ಲ, ಎಣಿಕೆಯಿಲ್ಲದೆ ಯೋಜನೆಯಿಲ್ಲ. ಒಂದು ತಾಲೂಕಿನಲ್ಲಿ ಮಾರುವವರೆಷ್ಟು, ತಯಾರಿಸುವವರೆಷ್ಟು ಎಂಬುದು ತಿಳಿಯದಿದ್ದರೆ ಸಾಲವನ್ನಾಗಲಿ ತರಬೇತಿಯನ್ನಾಗಲಿ ಹಂಚುವುದು ಹೇಗೆ? ನಮ್ಮ ಹಳ್ಳಿಯ ಅಂಗಡಿ ಒಂದೇ ಗೆರೆಯೊಳಗೆ ನಿಲ್ಲುವುದಿಲ್ಲವೆಂಬುದೂ ನಿಜ. ಮುಂಜಾನೆ ರೈತನಿಗೆ ಒಂದು ಚೀಲ ಸಿಮೆಂಟು, ಮಧ್ಯಾಹ್ನ ಗುತ್ತಿಗೆದಾರನಿಗೆ ಒಂದು ಲಾರಿ, ಸಂಜೆ ಹೊಲಕ್ಕೆ ಪೈಪು. ಇಂಥಲ್ಲಿ ಹೆಚ್ಚಿನ ಗಳಿಕೆ ಯಾವುದರಿಂದಲೋ ಅದನ್ನೇ ಮುಖ್ಯ ಕಸುಬೆಂದು ಹಿಡಿಯಬೇಕು. ಉಳಿದವನ್ನೂ ನೋಂದಣಿಯಲ್ಲಿ ಸೇರಿಸಲು ಅವಕಾಶವಿದೆ. ಇದನ್ನು ಅಂಗಡಿಕಾರನಿಗೆ ಅವನ ಮಾತಿನಲ್ಲಿ ತಿಳಿಸಿ ಹೇಳುವವರು ಬೇಕು.

ಆ ಕೆಲಸ ನಮ್ಮದೇಕಾಗಬಾರದು? ಅರ್ಥಶಾಸ್ತ್ರವನ್ನು ಓದುವ ನಾವು ಪರೀಕ್ಷೆಗಾಗಿ ದೂರದ ದೇಶಗಳ ಉದ್ದಿಮೆಗಳನ್ನು ಬಾಯಿಪಾಠ ಮಾಡುತ್ತೇವೆ; ಸಂತೆಯ ದಾರಿಯ ಅಂಗಡಿ ಯಾವ ವರ್ಗದ್ದೆಂದು ಕೇಳಿದರೆ ತಲೆ ತಗ್ಗಿಸುತ್ತೇವೆ. ಹಂಚು, ಖಡಿ, ಉಸುಕು, ಫರಸಿ, ಸುಣ್ಣ ಎಂಬ ನಮ್ಮ ಜನರ ಮಾತುಗಳ ಎದುರು ಅವುಗಳ ಅಂಕಿಗಳನ್ನು ಬರೆದ ಒಂದು ಹಾಳೆ ಕನ್ನಡದಲ್ಲಿ ಸಿದ್ಧವಾಗಲಿ. ಅರ್ಥಶಾಸ್ತ್ರದ ಗುರುಗಳು ಅದನ್ನು ತಿದ್ದಿಕೊಡಲಿ. ರಜೆಯಲ್ಲಿ ಊರಿಗೆ ಹೋಗುವ ಪ್ರತಿಯೊಬ್ಬ ವಿದ್ಯಾರ್ಥಿಯೂ ಅದನ್ನು ತನ್ನ ಊರಿನ ನಾಲ್ಕು ಅಂಗಡಿಗಳಿಗೆ, ಎರಡು ಭಟ್ಟಿಗಳಿಗೆ ಮುಟ್ಟಿಸಲಿ. ಇದಕ್ಕೆ ಹೆಚ್ಚಿನ ಖರ್ಚಿಲ್ಲ. ಸುಳ್ಳು ಅಂಕಿ ಬರೆದು ಲಾಭ ಪಡೆಯಬೇಕೆಂದು ಯಾರಿಗೂ ಹೇಳಿಕೊಡಬೇಕಾಗಿಲ್ಲ. ತಮ್ಮ ದುಡಿಮೆಗೆ ಸಲ್ಲಬೇಕಾದ ಸರಿಯಾದ ಅಂಕಿಯನ್ನು ಅವರು ತಾವೇ ಕೇಳಿ ಬರೆಯಿಸುವಂತಾದರೆ ಸಾಕು.